ಹೂವಲ್ಲ, ಕಣ್ಣುರಿ

ಹವಾಯಿ, ತಹೀತಿ, ಸಮೋವಾ ಎಂದೊಡನೆ ನಮಗೆ ನೆನಪಾಗುವುದು ಹೂಮಾಲೆ, ತೆಂಗಿನ ಮರ, ನೀಲಿ ಕಡಲು. ಅಲ್ಲಿನ ಹೆಣ್ಣುಮಕ್ಕಳ ಹೆಸರುಗಳ ಬಗ್ಗೆಯೂ ಇದೇ ಭಾವನೆ. ಮಗುವಿಗೆ ಹೆಸರು ಹುಡುಕುವವರಿಗಾಗಿ ಮಾಡಿದ ಯಾವ ಪಟ್ಟಿಯನ್ನಾದರೂ ತೆಗೆದು ನೋಡಿ. ಲೇಲಾನಿ ಎಂದರೆ ಸ್ವರ್ಗದ ಹೂ. ಮೋಆನಾ ಎಂದರೆ ಸಾಗರ. ಮಹೀನಾ ಎಂದರೆ ಚಂದ್ರ. ನಾನಿ ಎಂದರೆ ಚೆಲುವು. ಎಡಗಡೆ ಹೆಸರು, ಬಲಗಡೆ ಒಂದೆರಡು ಮಾತಿನ ಅರ್ಥ, ಅಲ್ಲಿಗೆ ಮುಗಿಯಿತು. ಈ ಪಟ್ಟಿಗಳನ್ನು ನಂಬಿದರೆ, ಪೆಸಿಫಿಕ್ ಸಾಗರದ ದ್ವೀಪಗಳ ಜನ ನೂರಾರು ವರ್ಷ ಹೂವು, ಅಲೆ, ಬೆಳದಿಂಗಳು ನೋಡುತ್ತಲೇ ಕಾಲ ಕಳೆದರು ಎನ್ನಬೇಕು. ಅವರಿಗೆ ಜ್ವರ ಬರಲಿಲ್ಲ, ಅವರ ಮಕ್ಕಳು ಸಾಯಲಿಲ್ಲ, ಅವರ ಬಂದರಿಗೆ ಯಾರ ಯುದ್ಧನೌಕೆಯೂ ಬರಲಿಲ್ಲ.

ಪಟ್ಟಿಯಲ್ಲಿ ಕೊಟ್ಟ ಅರ್ಥ ತಪ್ಪು ಎಂದು ಜಗಳ ತೆಗೆಯುವುದು ಸುಲಭ, ಎಷ್ಟೋ ಕಡೆ ಅದು ನಿಜವಾಗಿಯೂ ತಪ್ಪೇ. ನನ್ನ ತಕರಾರು ಅದಕ್ಕಿಂತ ಹಿಂದಿನದು. ಪಾಲಿನೇಶಿಯಾದ ಹೆಸರೊಂದರ ಮುಂದೆ ನಿಂತು ‘ಇದರ ಅರ್ಥ ಏನು’ ಎಂದು ಮೊದಲು ಕೇಳುವುದೇ ಅಡ್ಡದಾರಿ. ಇದನ್ನು ಇಟ್ಟವರು ಯಾರು, ಆ ಹೊತ್ತಿನಲ್ಲಿ ಆ ಮನೆಯಲ್ಲಿ ಏನು ನಡೆದಿತ್ತು ಎಂದು ಕೇಳದೆ ಅರ್ಥಕ್ಕೆ ಕೈಹಾಕಿದರೆ ಸಿಗುವುದು ಬರೀ ಸಿಪ್ಪೆ.

ಇದಕ್ಕೆ ಹವಾಯಿಯ ಕೊನೆಯ ರಾಣಿಯ ಹೆಸರಿಗಿಂತ ಒಳ್ಳೆಯ ಸಾಕ್ಷಿ ಬೇಡ: ಲಿಲಿಉಒಕಲಾನಿ. ಹೇಳುವಾಗ ‘ಲಿಲಿ’ ಮತ್ತು ‘ಉ’ಗಳ ನಡುವೆ ಗಂಟಲನ್ನು ಒಂದು ಕ್ಷಣ ಬಿಗಿಹಿಡಿದು ಬಿಡಬೇಕು. ಹವಾಯಿ ಭಾಷೆಯಲ್ಲಿ ಈ ತಡೆ ಒಂದು ವ್ಯಂಜನವೇ, ಅದಕ್ಕೆ ‘ಒಕಿನಾ’ ಎಂದು ಹೆಸರು. ಕನ್ನಡದ ನಾಲಿಗೆ ಸುಮ್ಮನಿರುವುದಿಲ್ಲ, ಯಕಾರಾಗಮ ಮಾಡಿ ‘ಲಿಲಿಯು’ ಎನ್ನುತ್ತದೆ, ಮುಂದೆ ವಕಾರಾಗಮವನ್ನೂ ಸೇರಿಸಿ ‘ಲಿಲಿಯುವೊಕಲಾನಿ’ ಮಾಡಿಬಿಡುತ್ತದೆ. ವೈಯಾಕರಣ ಕೇಶಿರಾಜನ ಮಕ್ಕಳು ನಾವು, ಏನು ಮಾಡೋಣ!

ಕಿವಿಗೆ ‘ಲಿಲಿ’ ಎಂದು ಬಿದ್ದ ತಕ್ಷಣ ಲಿಲ್ಲಿ ಹೂವೇ ಇರಬೇಕು ಎನ್ನಿಸುವುದು ಸಹಜ. ಲಿಲ್ಲಿ ಹೂವಿಗೆ ಹವಾಯಿ ಭಾಷೆಯವರು ಅನ್ನುವುದು ‘ಲಿಲಿಯಾ’. ಬರೀ ‘ಲಿಲಿ’ ಎಂದರೆ ಹೊಟ್ಟೆಕಿಚ್ಚು. ‘ಲಿಲಿಉ’ ಎಂದರೆ ಇವೆರಡೂ ಅಲ್ಲ: ಕಣ್ಣಿಗೆ ಹೊಗೆ ಹೊಕ್ಕಾಗ, ಗಾಯಕ್ಕೆ ಉಪ್ಪುನೀರು ತಾಗಿದಾಗ ಆಗುವಂಥ ಚುರುಚುರು ಉರಿ.

ಹುಟ್ಟಿದ ಹೆಣ್ಣುಮಗುವಿಗೆ ಯಾರಾದರೂ ಉರಿ ಎಂದು ಹೆಸರಿಡುತ್ತಾರೆಯೇ? 1838ರ ಸೆಪ್ಟೆಂಬರ್ 2ರಂದು ಹೊನೊಲುಲುವಿನಲ್ಲಿ ಈ ಮಗು ಹುಟ್ಟಿದಾಗ ದೇಶದಲ್ಲಿ ರಾಜನಿಗೆ ಸರಿಸಾಟಿಯಾದ ಅಧಿಕಾರ ಇದ್ದದ್ದು ಕೀನಾಉ ಎಂಬ ಹೆಂಗಸಿಗೆ. ಆಕೆಯ ಪದವಿಯ ಹೆಸರು ಕುಹಿನಾ ನುಯಿ. ಅವಳ ಒಪ್ಪಿಗೆ ಇಲ್ಲದೆ ರಾಜನ ಆಜ್ಞೆ ನಡೆಯುತ್ತಿರಲಿಲ್ಲ. ಅರಸುಕುಲದ ಮಗುವಿಗೆ ಹೆಸರಿಡುವುದು ಅಲ್ಲಿ ಹೆತ್ತವರ ಕೆಲಸವಲ್ಲ, ಬಳಗದ ಅತಿ ದೊಡ್ಡ ಸ್ಥಾನದವರ ಹಕ್ಕು. ಮಗು ಹುಟ್ಟಿದ ಹೊತ್ತಿಗೆ ನಡೆದ ಸಂಗತಿಯೊಂದನ್ನು ಹಿಡಿದು ಅವರು ಹೆಸರಿಡಬೇಕು. ಆ ದಿನಗಳಲ್ಲಿ ಕೀನಾಉಗೆ ಕಣ್ಣುಬೇನೆ. ಹೀಗಾಗಿ ಮಗುವಿಗೆ ಸಾಲಾಗಿ ನಾಲ್ಕು ಹೆಸರು ಬಿದ್ದವು. ಲಿಲಿಉ, ಅಂದರೆ ಉರಿ. ಲೊಲೊಕು, ಧಾರಾಕಾರ ಕಣ್ಣೀರು. ವಲಾನಿಯಾ, ಸುಡುವ ನೋವು. ಕಮಕಾಎಹಾ, ನೋಯುವ ಕಣ್ಣು. ವಲಾನಿಯಾದೊಳಗೆ ‘ಲಾನಿ’ ಕಾಣುತ್ತಿದೆಯಲ್ಲ ಎಂದು ಅಲ್ಲಿ ಸ್ವರ್ಗ ಹುಡುಕಬೇಡಿ, ಅದು ಬೇರೆಯೇ ಮಾತು.

ಈ ನಾಲ್ಕನ್ನೂ ಒಟ್ಟಿಗಿಟ್ಟು ಓದಿ. ರೋಗಿಯೊಬ್ಬಳು ವೈದ್ಯನ ಮುಂದೆ ಕುಳಿತು ತನ್ನ ಕಣ್ಣಿನ ಸ್ಥಿತಿ ಹೇಳಿಕೊಂಡ ಹಾಗಿದೆ: ಉರಿ, ನೀರು ಸುರಿಯುವುದು, ಸುಡುವುದು, ನೋವು. ಇದರಲ್ಲಿ ಕಾವ್ಯ ಇಲ್ಲ. ಮಗುವಿನ ಬಗ್ಗೆ ಒಂದೂ ಮಾತಿಲ್ಲ, ಆಶೀರ್ವಾದವಿಲ್ಲ, ಹಾರೈಕೆಯಿಲ್ಲ. ಆದರೆ ಮಗುವಿನ ಸ್ಥಾನಮಾನದ ಬಗ್ಗೆ ಇದಕ್ಕಿಂತ ದೊಡ್ಡ ಮಾತೂ ಇಲ್ಲ. ದೇಶದ ಅತಿ ದೊಡ್ಡ ಹೆಂಗಸಿನ ದೇಹದಲ್ಲಿ ಆದ ಸಂಕಟವನ್ನು ಈ ಮಗು ಬದುಕಿರುವವರೆಗೂ ಹೊತ್ತು ತಿರುಗುತ್ತದೆ, ಅಷ್ಟು ಹತ್ತಿರದ ಕೂಸು ಇದು ಎಂದು ಸಾರಿದ ಹಾಗೆ. ಕೀನಾಉ ಅದಾದ ಏಳು ತಿಂಗಳಿಗೆ, 1839ರ ಏಪ್ರಿಲ್‌ನಲ್ಲಿ, ಕೆಪ್ಪಟೆ ಬಾವು ಬಂದು ತೀರಿಕೊಂಡಳು. ಅವಳ ಕಣ್ಣುಬೇನೆ ಮಾತ್ರ ಇವತ್ತಿಗೂ ಹೊನೊಲುಲುವಿನ ಬೀದಿಬೀದಿಯಲ್ಲಿ ಬರೆದುಕೊಂಡು ನಿಂತಿದೆ.

ಇದು ಒಬ್ಬಳ ವಿಚಿತ್ರ ಹೆಸರಲ್ಲ ಎನ್ನಲು ಅವಳ ಅಣ್ಣನನ್ನೇ ನೋಡಬಹುದು. ಅವನು ಕಲಾಕಾಉಆ, ಮುಂದೆ ರಾಜನಾದವನು. ‘ಕ ಲಾ ಕಾಉಆ’ ಎಂದರೆ ಯುದ್ಧದ ದಿನ. 1836ರ ನವೆಂಬರ್ 16ರಂದು ಅವನು ಹುಟ್ಟಿದ ದಿನವೇ ಬ್ರಿಟಿಷ್ ಯುದ್ಧನೌಕೆಯೊಂದರ ಕಪ್ತಾನ ರಾಜನನ್ನು ಮಣಿಸಿ ಒಪ್ಪಂದವೊಂದಕ್ಕೆ ಸಹಿ ಹಾಕಿಸಿಕೊಂಡಿದ್ದ. ಅಣ್ಣ ಯುದ್ಧದ ದಿನ, ತಂಗಿ ಕಣ್ಣುರಿ. ಆ ಮನೆಯ ಮಕ್ಕಳನ್ನು ಹೆಸರು ಹಿಡಿದು ಕರೆದರೆ ಚರಿತ್ರೆಯ ದಿನಚರಿ ಓದಿದಂತೆ.

ಇಲ್ಲಿಗೆ ಹೂವಿನ ವಾದ ಬಿತ್ತು. ಅದು ಬಿದ್ದ ಜಾಗದಲ್ಲಿ ಇನ್ನೊಂದು ಎದ್ದು ನಿಲ್ಲುತ್ತದೆ. ಸ್ವಲ್ಪ ಓದಿಕೊಂಡವರು, ಪ್ರವಾಸಕಥನ ಬರೆಯುವವರು ಇದನ್ನು ತುಂಬ ಇಷ್ಟಪಡುತ್ತಾರೆ. ಕಣ್ಣೀರು ಎಂಬ ಹೆಸರು ಹೊತ್ತು ಹುಟ್ಟಿದವಳು ಕೊನೆಗೆ ರಾಜ್ಯ ಕಳೆದುಕೊಂಡು ಕಣ್ಣೀರಲ್ಲೇ ಕೈತೊಳೆದಳು, ಹೆಸರೇ ಹಣೆಬರಹವಾಯಿತು ಎಂಬ ಕಥೆ. ಕೇಳಲು ಚೆನ್ನಾಗಿದೆ. ನನಗೆ ಹೂವಿನ ವಾದಕ್ಕಿಂತ ಇದೇ ಹೆಚ್ಚು ಕೆಟ್ಟದ್ದಾಗಿ ಕಾಣುತ್ತದೆ.

ಏಕೆಂದರೆ ರಾಜ್ಯ ಹೋದದ್ದು ಹೆಸರಿನ ದೆಸೆಯಿಂದಲ್ಲ. ಆಕೆ 1891ರ ಜನವರಿಯಲ್ಲಿ ಪಟ್ಟಕ್ಕೆ ಬಂದಳು. ನಾಲ್ಕು ವರ್ಷ ಹಿಂದೆ ಅಣ್ಣನ ಮೇಲೆ ಬಂದೂಕಿನ ಬಲದಿಂದ ಹೇರಿದ್ದ ಸಂವಿಧಾನ ಬಹುಪಾಲು ಹವಾಯಿಯರ ಮತದ ಹಕ್ಕನ್ನೇ ಕಿತ್ತುಕೊಂಡಿತ್ತು. ಅದನ್ನು ಬದಲಿಸಿ ಹೊಸ ಸಂವಿಧಾನ ತರಲು ಆಕೆ ಹೊರಟಳು. ಕಬ್ಬಿನ ತೋಟ ಮತ್ತು ವ್ಯಾಪಾರದ ಹಿತ ಕಾಯುವ 13 ಜನ ತಮ್ಮನ್ನು ‘ಸುರಕ್ಷಾ ಸಮಿತಿ’ ಎಂದು ಕರೆದುಕೊಂಡರು. ಅಮೆರಿಕದ ರಾಯಭಾರಿ ಜಾನ್ ಸ್ಟೀವನ್ಸ್ ಅವರ ಬೆನ್ನಿಗೆ ನಿಂತ. 1893ರ ಜನವರಿ 16ರಂದು ‘ಬಾಸ್ಟನ್’ ಯುದ್ಧನೌಕೆಯಿಂದ ಸೈನಿಕರು ದಡಕ್ಕಿಳಿದರು, ಮರುದಿನ ರಾಣಿಯನ್ನು ಇಳಿಸಲಾಯಿತು. ಮಾಡಿದವರಿಗೆ ಹೆಸರಿದೆ, ದಿನಾಂಕವಿದೆ, ಲಾಭದ ಲೆಕ್ಕವಿದೆ. 1993ರಲ್ಲಿ ಅಮೆರಿಕದ ಸಂಸತ್ತೇ ಇದಕ್ಕಾಗಿ ಕ್ಷಮೆ ಕೇಳಿ ನಿರ್ಣಯ ಮಾಡಿತು. ಎಲ್ಲವನ್ನೂ ಹೆಸರಿನ ಶಕುನಕ್ಕೆ ಹೊರಿಸಿದರೆ ಈ 13 ಜನ, ರಾಯಭಾರಿ, ಸೈನಿಕರು ಎಲ್ಲರೂ ಬಿಡುಗಡೆ. ವಿಧಿ ಎಂಬ ಮಾತು ಸದಾ ಗೆದ್ದವರ ಪರವಾಗಿಯೇ ಸಾಕ್ಷಿ ಹೇಳುತ್ತದೆ.

ಹೆಸರಿನ ಬೆಳವಣಿಗೆಯೂ ಶಕುನದ ಕಥೆಗೆ ಒಗ್ಗುವುದಿಲ್ಲ. 1877ರಲ್ಲಿ ತಮ್ಮ ತೀರಿಕೊಂಡಾಗ ಕಲಾಕಾಉಆ ತಂಗಿಯನ್ನು ಉತ್ತರಾಧಿಕಾರಿ ಎಂದು ಸಾರಿದ, ಲಿಲಿಉಒಕಲಾನಿ ಎಂಬ ಹೆಸರು ಅಧಿಕೃತವಾದದ್ದು ಆಗಲೇ. ‘ಒ’ ಎಂದರೆ ಷಷ್ಠಿ ವಿಭಕ್ತಿಯ ಕೆಲಸ ಮಾಡುವ ಮಾತು. ‘ಕ’ ಏಕವಚನದ ಗುರುತು. ‘ಲಾನಿ’ ಎಂದರೆ ಆಕಾಶ, ಅದರ ಜೊತೆಗೇ ಅರಸು, ದೊಡ್ಡ ಕುಲದವರು. ಒಟ್ಟಿನಲ್ಲಿ ಅರಸುಕುಲದವಳ ಉರಿ. ಒರಟು ಹೆಸರನ್ನು ತೆಗೆದು ಅಣ್ಣ ಅಂದದ ಹೆಸರಿಟ್ಟ ಎಂದು ಬರೆದದ್ದನ್ನು ಓದಿದ್ದೇನೆ. ಅಂದ ಬೇಕಿದ್ದರೆ ಕಲಾಕಾಉಆಗೆ ಬರವಿತ್ತೇ? ಕವಿತೆ, ಹಾಡು, ಹುಲ ನೃತ್ಯ ಎಲ್ಲವನ್ನೂ ಅರಮನೆಗೆ ಮರಳಿ ತಂದ ರಾಜ ಅವನು, ಸ್ವತಃ ಹಾಡು ಕಟ್ಟುತ್ತಿದ್ದ. ಆದರೂ ಉರಿಯನ್ನು ಹಾಗೇ ಉಳಿಸಿದ. ಯಾರ ಉರಿ ಎಂಬುದನ್ನಷ್ಟೇ ಸೇರಿಸಿದ. ನನ್ನ ಓದಿನಲ್ಲಿ ಆ ‘ಲಾನಿ’ ಕೀನಾಉವೇ. 38 ವರ್ಷ ಹಿಂದೆ ಸತ್ತವಳ ಅಧಿಕಾರದ ನೆರಳನ್ನು ಉತ್ತರಾಧಿಕಾರಿಯ ತಲೆಯ ಮೇಲೆ ಹಿಡಿದದ್ದು ಅಂದಚಂದದ ಮಾತಲ್ಲ, ರಾಜಕಾರಣ. ಆಗ ಅವನಿಗೆ ಅದರ ಅಗತ್ಯವಿತ್ತು. ಮೂರು ವರ್ಷ ಹಿಂದಷ್ಟೇ ಚುನಾವಣೆಯಲ್ಲಿ ಹಿಂದಿನ ರಾಜನೊಬ್ಬನ ವಿಧವೆ ರಾಣಿ ಎಮ್ಮಾಳನ್ನು ಸೋಲಿಸಿ ಪಟ್ಟಕ್ಕೆ ಬಂದಿದ್ದ, ಎಮ್ಮಾಳ ಕಡೆಯವರು ಅವನ ಕುಲವನ್ನೇ ಹೀಗಳೆಯುತ್ತಿದ್ದರು.

ಎಮ್ಮಾಳ ಹೆಸರಿಗೂ ಒಂದು ನಿಮಿಷ ಕೊಡಬೇಕು. 1862ರ ಆಗಸ್ಟ್‌ನಲ್ಲಿ ಅವಳ ಒಬ್ಬನೇ ಮಗ, ನಾಲ್ಕು ವರ್ಷದ ಯುವರಾಜ, ತೀರಿಕೊಂಡ. ಎಮ್ಮಾ ‘ಕಲೆಲೆಒಕಲಾನಿ’ ಆದಳು: ಅರಸುಮಗನ ಹಾರಿಹೋಗುವಿಕೆ. ಹದಿನೈದು ತಿಂಗಳಿಗೆ ಗಂಡನೂ ಹೋದ. ಆಗ ಹೆಸರಿನ ನಡುವಿನ ಏಕವಚನದ ‘ಕ’ ತೆಗೆದು ಬಹುವಚನದ ‘ನಾ’ ಹಾಕಿದರು: ಕಲೆಲೆಒನಾಲಾನಿ. ಹಾರಿಹೋದವರು ಈಗ ಇಬ್ಬರು. ಎರಡನೆಯ ಸಾವು ಒಂದು ವ್ಯಾಕರಣದ ಪ್ರತ್ಯಯವಾಗಿ ಹೆಸರಿನೊಳಗೆ ಬಂದು ಕುಳಿತಿತು. ಇದನ್ನು ಪಟ್ಟಿಯಲ್ಲಿ ಹಾಕಿ ‘ಸ್ವರ್ಗದ ಹಾರಾಟ’ ಎಂದು ಅರ್ಥ ಬರೆದರೆ ನಿಘಂಟು ಒಪ್ಪೀತು. ಆ ತಾಯಿ ಒಪ್ಪುವಳೇ?

ಹೀಗಿರುವಾಗ ಹೂವಿನ ಕಥೆ ಬಂದದ್ದೆಲ್ಲಿಂದ? ಪ್ರವಾಸೋದ್ಯಮದಿಂದ, ಸಿನಿಮಾದಿಂದ. ವೈಕೀಕೀ ಕಡಲತೀರದ ರಾಯಲ್ ಹವಾಯಿಯನ್ ಹೋಟೆಲಿನ ವಾದ್ಯವೃಂದದ ಮುಖ್ಯಸ್ಥ ಹ್ಯಾರಿ ಓವೆನ್ಸ್ 1934ರಲ್ಲಿ ತನ್ನ ಹಸುಗೂಸಿಗಾಗಿ ‘ಸ್ವೀಟ್ ಲೇಲಾನಿ’ ಎಂಬ ಹಾಡು ಬರೆದ. ಬಿಂಗ್ ಕ್ರಾಸ್ಬಿ ಅದನ್ನು 1937ರ ‘ವೈಕೀಕೀ ವೆಡ್ಡಿಂಗ್’ ಚಿತ್ರದಲ್ಲಿ ಹಾಡಿದ, ಆಸ್ಕರ್ ಬಂತು. ಸ್ವರ್ಗದ ಹೂವು ಮನೆಮಾತಾಯಿತು. ನಿಜದಲ್ಲಿ ‘ಲೇ’ ಎಂದರೆ ಮಾಲೆ. ಕೊರಳಿಗೆ ತೋಳು ಹಾಕಿ ಜೋತುಬೀಳುವ ಮಗುವನ್ನು ಹವಾಯಿಯ ಹಾಡುಗಳು ಮಾಲೆ ಎಂದೇ ಕರೆಯುತ್ತವೆ. ಹಾಗಾಗಿ ಲೇಲಾನಿ ಎಂದರೆ ಅರಸುಮನೆಯ ಕೂಸು ಎಂದೂ ಆಗುತ್ತದೆ. ಹೂವು ತಪ್ಪೆಂದಲ್ಲ, ಹೂವಿನ ಹೆಸರುಗಳು ಅಲ್ಲಿ ಬೇಕಾದಷ್ಟಿವೆ. ಆದರೆ ಹೂವೊಂದನ್ನೇ ಉಳಿಸಿ ಮಗುವನ್ನೂ ಅರಸನ್ನೂ ತೆಗೆದುಹಾಕಿದ್ದು ಹೋಟೆಲಿನ ಅಭಿರುಚಿ. 2016ರಲ್ಲಿ ಡಿಸ್ನಿಯವರ ‘ಮೋಆನಾ’ ಬಂದಾಗ ಟ್ರೇಡ್‌ಮಾರ್ಕ್ ತೊಡಕಿನಿಂದ ಯುರೋಪಿನ ಹಲವು ದೇಶಗಳಲ್ಲಿ ನಾಯಕಿಯ ಹೆಸರನ್ನೇ ‘ವಯಾನಾ’ ಎಂದು ಬದಲಿಸಿದರು. ಕಿವಿಗೆ ಇಂಪಾದರೆ ಸಾಕು ಎನ್ನುವವರಿಗೆ ಯಾವುದಾದರೇನು.

ಅರ್ಥದ ಪಟ್ಟಿಗೆ ಒಗ್ಗದ ಹೆಸರುಗಳ ಲೋಕ ಎಷ್ಟು ದೊಡ್ಡದು ಎಂದು ತಿಳಿಯಲು ಮೇರಿ ಕವೆನಾ ಪುಕುಯಿ (1895–1986) ಬರೆದದ್ದನ್ನು ಓದಬೇಕು. ಹವಾಯಿ ಭಾಷೆಗೆ ನಿಘಂಟು ಕಟ್ಟಿದ ವಿದುಷಿ. ‘ಕವೆನಾ’ ಎಂಬುದನ್ನೂ ಪಟ್ಟಿಯವರು ‘ಹೊಳಪು’ ಎಂದು ಮುಗಿಸುತ್ತಾರೆ. ಆಕೆಯ ಪೂರ್ತಿ ಹೆಸರು ಒಂದು ಉದ್ದದ ವಾಕ್ಯ: ನೆಲವನ್ನೇ ತಿನ್ನುವ ಪೆಲೆದೇವಿಯ ಮಡಿಲಲ್ಲಿ ಬೆಳೆದ ಹಿಇಯಾಕಾ ಆಕಾಶದಲ್ಲಿ ಹೊತ್ತಿಸಿದ ಕೆಂಪು ಹೊಳಪು. ಪೆಲೆ ಜ್ವಾಲಾಮುಖಿಯ ದೇವತೆ, ಹಿಇಯಾಕಾ ಅವಳ ತಂಗಿ; ಜ್ವಾಲಾಮುಖಿ ಉಕ್ಕುವ ಊರಿನ ಕೂಸಿನ ಹೆಸರು ಅದು. ಮೊದಲ ಮೂರು ಅಕ್ಷರ ಕತ್ತರಿಸಿಕೊಂಡರೆ ಬೆಂಕಿ ಅಲ್ಲೇ ಉಳಿಯುತ್ತದೆ, ಹೊಳಪಷ್ಟೇ ಕೈಗೆ ಬರುತ್ತದೆ.

1972ರಲ್ಲಿ ಹೊರಬಂದ ‘ನಾನಾ ಇ ಕೆ ಕುಮು’ ಎಂಬ ಪುಸ್ತಕದಲ್ಲಿ ಪುಕುಯಿ ಹೆಸರುಗಳ ಬಗೆಗಳನ್ನು ವಿವರಿಸುತ್ತಾರೆ. ಕೆಲವು ಕನಸಿನಲ್ಲಿ ಬರುವ ಹೆಸರುಗಳು. ಕುಲದೇವರು ರಾತ್ರಿ ಬಂದು ಹೇಳಿದ ಹೆಸರನ್ನು ಇಡದಿದ್ದರೆ ಮಗು ಸೊರಗುತ್ತದೆ ಎಂಬ ಭಯ. ಕೆಲವು, ಯಾರೂ ಇಲ್ಲದ ಕಡೆ ಕೇಳಿಬಂದ ದನಿ ಕೊಟ್ಟವು. ಕೆಲವು ಆಕಾಶದಲ್ಲಿ, ಕಡಲಲ್ಲಿ ಕಂಡ ಕುರುಹಿನವು. ಇನ್ನೂ ಒಂದು ಬಗೆ ಬೈಗುಳದ ಹೆಸರು: ಕೊಳಕು, ಕುರೂಪಿ ಎಂಬಂಥವು. ಕೆಟ್ಟ ದೃಷ್ಟಿ, ದುಷ್ಟಶಕ್ತಿ ಮಗುವಿನ ಹತ್ತಿರ ಸುಳಿಯದಿರಲಿ ಎಂದು. ಇದನ್ನು ಕನ್ನಡಿಗರಿಗೆ ಬಿಡಿಸಿ ಹೇಳಬೇಕಿಲ್ಲ. ಹುಟ್ಟಿದ ಮಕ್ಕಳು ಉಳಿಯದ ಮನೆಗಳಲ್ಲಿ ಕೂಸನ್ನು ತಿಪ್ಪೆಯ ಮೇಲೆ ಹೊರಳಿಸಿ ತಿಪ್ಪಮ್ಮ, ತಿಪ್ಪಯ್ಯ ಎಂದಿಟ್ಟವರು ನಮ್ಮವರೇ. ಹೆಣ್ಣು ಸಾಕಾಯಿತೆಂದು ಸಾಕಮ್ಮ ಎಂದವರೂ ನಮ್ಮವರೇ. ತಿಪ್ಪಮ್ಮ ಎಂಬ ಹೆಸರಿನ ಮುಂದೆ ‘ಕಸದ ರಾಶಿ’ ಎಂದು ಅರ್ಥ ಬರೆದು ಯಾರಾದರೂ ಪಟ್ಟಿ ಅಚ್ಚುಹಾಕಿದರೆ ನಮಗೆ ಸಿಟ್ಟು ಬರುತ್ತದೆ. ಅದು ತಾಯಿಯ ಹೆದರಿಕೆಯ ಹೆಸರು ಎಂದು ನಮಗೆ ಗೊತ್ತು.

ಪಟ್ಟಿಯ ಇನ್ನೊಂದು ಕಲಂ ‘ಮೂಲ’. ಅದೂ ನೆಚ್ಚುವಂಥದ್ದಲ್ಲ. ಟೊಂಗಾದ ದೊಡ್ಡ ರಾಣಿ ಸಾಲೋತೆಯ ಹೆಸರು ಇಂಗ್ಲೆಂಡಿನ ಶಾರ್ಲಟ್‌ನಿಂದ ಬಂದದ್ದು. ಹಾಗೆಂದು ಟೊಂಗಾದವರನ್ನು ಕೇಳಿ, ಅದಕ್ಕಿಂತ ಟೊಂಗನ್ ಹೆಸರು ಇನ್ನೊಂದಿಲ್ಲ ಎಂದಾರು. ಎರಡನೆಯ ಮಹಾಯುದ್ಧದಲ್ಲಿ ಮಾವೊರಿಗಳ 28ನೆಯ ದಳ ಗ್ರೀಸ್, ಕ್ರೀಟ್, ಉತ್ತರ ಆಫ್ರಿಕಾ, ಇಟಲಿಗಳಲ್ಲಿ ಕಾದಿತು. ಅವರು ಬಿದ್ದ ರಣರಂಗಗಳ ಹೆಸರನ್ನು ಊರಿನಲ್ಲಿ ಹುಟ್ಟಿದ ಮಕ್ಕಳಿಗೆ ಇಟ್ಟರು. 1996ರಲ್ಲಿ ನ್ಯೂಜಿಲೆಂಡ್ ಸಂಸತ್ತಿಗೆ ಬಂದ ಮಾವೊರಿ ಮಹಿಳೆ ಅಲಮೇನ್ ಕೊಪು ಹುಟ್ಟಿದ್ದು 1943ರಲ್ಲಿ, ಈಜಿಪ್ಟಿನ ಅಲ್ ಅಲಮೇನ್ ಕದನ ಮುಗಿದ ಮರುವರ್ಷ. ಆ ಮಾತಿನ ಮೂಲ ಅರಬ್ಬಿ. ಹೆಸರಿಡುವ ರೀತಿ ಮಾತ್ರ ಕೀನಾಉವಿನದೇ.

ಇಂಥ ಹೆಸರುಗಳ ಮೇಲೆ ಹವಾಯಿಯಲ್ಲಿ ಸರ್ಕಾರವೂ ಕೈಮಾಡಿತು. 1860ರ ಆಗಸ್ಟ್‌ನಲ್ಲಿ ಕಮೆಹಮೆಹಾ 4ನೆಯವನು, ಎಮ್ಮಾಳ ಗಂಡನೇ, ಹೆಸರುಗಳ ಕಾನೂನಿಗೆ ಸಹಿ ಹಾಕಿದ. ಮದುವೆಯಾದ ಹೆಣ್ಣು ಗಂಡನ ಹೆಸರು ಹೊರಬೇಕು, ಮಕ್ಕಳಿಗೆ ಅಪ್ಪನ ಹೆಸರೇ ಮನೆತನದ ಹೆಸರಾಗಬೇಕು, ಹುಟ್ಟುವ ಮಗುವಿಗೆ ಗಂಡು ಹೆಣ್ಣು ತಿಳಿಯುವಂಥ ಕ್ರೈಸ್ತ ಹೆಸರೊಂದು ಇರಲೇಬೇಕು. ಹವಾಯಿಯ ಹೆಸರು ನಡುವಿಗೆ ಸರಿಯಿತು. ನಮ್ಮ ರಾಣಿ ದೀಕ್ಷಾಸ್ನಾನದಲ್ಲಿ ಲಿಡಿಯಾ, ಅರಸುಮಕ್ಕಳ ಶಾಲೆಯಲ್ಲಿ ಸಾಕುತಂದೆಯ ಹೆಸರಿನಿಂದ ಲಿಡಿಯಾ ಪಾಕೀ, 1862ರಲ್ಲಿ ಜಾನ್ ಡೊಮಿನಿಸ್‌ನನ್ನು ಮದುವೆಯಾದ ಮೇಲೆ ಶ್ರೀಮತಿ ಲಿಡಿಯಾ ಡೊಮಿನಿಸ್.

ಈ ಕಾನೂನಿನ ನೆರಳು 1895ರಲ್ಲಿ ಇಓಲಾನಿ ಅರಮನೆಯ ಮಹಡಿಯ ಕೋಣೆಗೆ ಬಂದು ತಲುಪಿತು. ರಾಣಿಯನ್ನು ಮರಳಿ ಪಟ್ಟಕ್ಕೆ ತರಲು ಅವಳ ಕಡೆಯವರು ಎದ್ದ ದಂಗೆ ಸೋತಿತ್ತು. ಆಕೆ ತನ್ನದೇ ಅರಮನೆಯಲ್ಲಿ ಸೆರೆಯಾಳು. ಹಕ್ಕೆಲ್ಲವನ್ನೂ ಬಿಟ್ಟುಕೊಟ್ಟೆ ಎಂಬ ಪತ್ರವನ್ನು ಬೇರೆಯವರೇ ಬರೆದು ತಂದರು. ಜನವರಿ 24ರಂದು ಸಹಿ ಹಾಕಬೇಕಾಗಿ ಬಂತು. ಯಾವ ಹೆಸರಿನಲ್ಲಿ ಎಂದು ಕೇಳಿದ್ದಕ್ಕೆ ಬಂದ ಅಪ್ಪಣೆ: ‘ಲಿಲಿಉಒಕಲಾನಿ ಡೊಮಿನಿಸ್’. ಅವಳು ಹಾಗೇ ಬರೆದುಕೊಟ್ಟಳು. ಮೂರು ವರ್ಷದ ನಂತರ, 1898ರಲ್ಲಿ, ತನ್ನ ಆತ್ಮಕಥೆಯಲ್ಲಿ ಆಕೆ ಇದರ ಮರ್ಮ ಬಿಚ್ಚಿಟ್ಟಳು. ಆ ಸಹಿಯಿಂದ ತನಗೆ ಅವಮಾನ ಮಾಡಬೇಕೆಂಬುದು ಅವರ ಉದ್ದೇಶ, ಆದರೆ ಅವರು ಎಡವಿದ್ದೂ ಅಲ್ಲೇ. ಲಿಡಿಯಾ ಡೊಮಿನಿಸ್ ಎಂಬ ಹೆಂಗಸಿದ್ದಳು, ಲಿಲಿಉಒಕಲಾನಿ ಎಂಬ ರಾಣಿಯಿದ್ದಳು, ಲಿಲಿಉಒಕಲಾನಿ ಡೊಮಿನಿಸ್ ಎಂಬವಳು ತನಗೆ ತಿಳಿದ ಮಟ್ಟಿಗೆ ಈ ಲೋಕದಲ್ಲಿ ಎಂದೂ ಇರಲಿಲ್ಲ.

ಕೋವಿಯ ಕಾವಲಿನಲ್ಲಿ ಕುಳಿತ ಹೆಂಗಸಿಗೆ ಹೊಳೆದ ಈ ವಾದ ನಮ್ಮ ಹೆಸರುಪಟ್ಟಿಯ ಪಂಡಿತರಿಗೆ ಹೊಳೆದಿಲ್ಲ. ಅವಳ ಮಟ್ಟಿಗೆ ಹೆಸರೆಂದರೆ ಯಾರು ಯಾವ ಅಧಿಕಾರದಿಂದ ಕೊಟ್ಟರು ಎಂಬ ಲೆಕ್ಕ. ಒಂದನ್ನು ಕೀನಾಉ ಮತ್ತು ಕಲಾಕಾಉಆ ಕೊಟ್ಟರು, ಇನ್ನೊಂದನ್ನು ಪಾದ್ರಿ ಮತ್ತು ಗಂಡ ಕೊಟ್ಟರು. ಎರಡನ್ನೂ ಹೊಲಿದು ಮೂರನೆಯದು ಮಾಡುವ ಅಧಿಕಾರ ಸೆರೆಮನೆಯವರಿಗೆ ಇರಲಿಲ್ಲ. ಉರಿ ಎಂಬ ಅರ್ಥ ಅವಳ ವಾದದಲ್ಲಿ ಎಲ್ಲಿಯೂ ಬರುವುದಿಲ್ಲ, ಬರುವ ಅಗತ್ಯವೂ ಇಲ್ಲ.

ಕ್ರೈಸ್ತ ಹೆಸರು ಕಡ್ಡಾಯ ಎಂಬ ಆ ನಿಯಮವನ್ನು ಹವಾಯಿ ತೆಗೆದುಹಾಕಿದ್ದು 1967ರಲ್ಲಿ. ಆಮೇಲೆ ಹಳೆಯ ಹೆಸರುಗಳು ಮತ್ತೆ ಮುಂದೆ ಬಂದವು, ಅದರ ಜೊತೆಗೇ ಪಟ್ಟಿಗಳೂ ಬಂದವು. ಈಗ ಲೋಕದ ಯಾವ ಮೂಲೆಯಲ್ಲಿರುವವರೂ ಫೋನಿನಲ್ಲಿ ಬೆರಳಾಡಿಸಿ ಅಪರೂಪದ ಪಾಲಿನೇಶಿಯನ್ ಹೆಸರೊಂದನ್ನು ಎತ್ತಿಕೊಳ್ಳಬಹುದು. ಅಲ್ಲಿನ ಹಳೆಯ ರೀತಿಯಲ್ಲಿ ಹೆಸರು ಆಯಾ ಮನೆತನದ ಸ್ವತ್ತು, ಇನ್ನೊಬ್ಬರ ಮನೆಯದನ್ನು ಕೇಳದೆ ತೆಗೆದುಕೊಂಡರೆ ಅಪರಾಧ. ಬೆಂಗಳೂರಿನಲ್ಲೋ ಡಲ್ಲಾಸಿನಲ್ಲೋ ಕುಳಿತವರು ಹವಾಯಿಯ ಅಜ್ಜಿಯೊಬ್ಬಳನ್ನು ಹುಡುಕಿ ಅಪ್ಪಣೆ ಕೇಳಿ ಎಂದು ನಾನು ಹೇಳುವುದಿಲ್ಲ. ಪಟ್ಟಿ ಮಾಡುವವರಿಗೆ ಮಾತ್ರ ಒಂದು ವಿನಂತಿ. ‘ಅರ್ಥ’ ಎಂಬ ಕಲಮಿನ ಪಕ್ಕದಲ್ಲಿ ‘ಇಟ್ಟವರು ಯಾರು, ಯಾವಾಗ, ಏನು ನಡೆದಾಗ’ ಎಂಬ ಇನ್ನೊಂದು ಕಲಂ ಹಾಕಿ. ತುಂಬಲು ಆಗದಿದ್ದರೆ ಅದನ್ನು ಖಾಲಿ ಬಿಡಿ, ಆದರೆ ಅಲ್ಲಿ ಹೂವು ಬರೆಯಬೇಡಿ.